ಐವತ್ತಮೂರನೆಯ ವಾರ

ವಾರ 48. ಸೋಮವಾರ, 23 ನವೆಂಬರ್ 2026. ಸಂಜೆ

2019 ಮುಗಿಯಿತು. 2018 ಅರ್ಧ. ಹೊಸದರಿಂದ ಹಳೆಯದಕ್ಕೆ ಹೋಗುತ್ತಿದ್ದೇನೆ, ಬಾವಿಗೆ ಇಳಿದ ಹಾಗೆ.

ಇಂಟರ್‌ನೆಟ್ ಕಂಪನಿಯವರು ಡಿಸೆಂಬರ್ 31ಕ್ಕೆ ಮೇಲ್ ಸೇವೆ ನಿಲ್ಲಿಸುತ್ತಾರಂತೆ. ಅವರ ಸರ್ವರ್‌ನಲ್ಲಿರುವುದೆಲ್ಲ ಅವತ್ತು ಮಾಯ. ಬೇಕಾದವರು ತಮ್ಮ ತಮ್ಮ ಕಂಪ್ಯೂಟರಿಗೆ ಇಳಿಸಿಕೊಳ್ಳಬೇಕು. ನೋಟಿಸು ‘ಪ್ರಿಯ ಗ್ರಾಹಕರೇ’ ಅಂತ ಶುರುವಾಗುತ್ತದೆ. ಪ್ರಿಯ ಅಂತ ಯಾರಾದರೂ ಕರೆದರೆ ಏನೋ ಕಿತ್ತುಕೊಳ್ಳಲು ಬಂದಿದ್ದಾರೆ ಅಂತಲೇ ಲೆಕ್ಕ.

ಕೆಲಸವೇನೂ ಕಷ್ಟವಿಲ್ಲ. ಮೇಲ್ ಪ್ರೋಗ್ರಾಮಿನ ಎಡಗಡೆ ಸರ್ವರಿನ ಫೋಲ್ಡರು, ಅದರ ಕೆಳಗೆ ನನ್ನ ಕಂಪ್ಯೂಟರಿನದು. ಒಂದು ವರ್ಷದ ಮೇಲ್ ಪೂರ್ತಿ ಹಿಡಿದು, ಎಳೆದು, ಕೆಳಗೆ ಬಿಡುವುದು. ಹಸಿರು ಪಟ್ಟಿ ಮೆಲ್ಲಗೆ ತುಂಬುತ್ತದೆ. ಅಷ್ಟರಲ್ಲಿ ಒಂದು ಕಾಫಿ ಆಗುತ್ತದೆ.

ಬೇಡದ್ದು ಅಳಿಸಿದೆ. ಹಲ್ಲಿನ ಡಾಕ್ಟರ ಜ್ಞಾಪನೆ, ಬೂಟಿನಂಗಡಿಯ ರಿಯಾಯಿತಿ, ನಮ್ಮ ಬಸ್ ಕಂಪನಿಯ ಸುತ್ತೋಲೆಗಳು. ಟೈಮ್‌ಟೇಬಲ್ ಬರೆಯುವವಳು ನಾನೇ, ನನಗೇ ಟೈಮ್‌ಟೇಬಲ್ ಕಳಿಸುತ್ತಾರೆ!

ಉಳಿಸಿದ್ದು ಓಡ್ವಾರ್‌ನದು. 2006ರಲ್ಲಿ ನಾವು ಬೇರೆಯಾದಾಗ ಮಗಳು ಸುನ್ನಿವಾಗೆ ನಾಲ್ಕು ವರ್ಷ. ವರ್ಷದ ಸಮ ನಂಬರಿನ ವಾರ ನನ್ನ ಹತ್ತಿರ, ಬೆಸ ನಂಬರಿನ ವಾರ ಅಪ್ಪನ ಹತ್ತಿರ. ಸೋಮವಾರ ಅವಳೂ ಅವಳ ಬ್ಯಾಗೂ ಪುಟ್ಟ ದೋಣಿಯಲ್ಲಿ ಬಂದರಿನ ಆಚೆ ದಡಕ್ಕೆ. ಹಿಂದಿನ ಭಾನುವಾರ ಸಂಜೆ, ವಾರ ಮುಗಿಸಿದವರು ಮುಂದಿನವರಿಗೆ ಒಂದು ಮೇಲ್ ಬರೆಯಬೇಕು. ವಿಷಯದ ಜಾಗದಲ್ಲಿ ವಾರದ ನಂಬರು, ಅಷ್ಟೇ. ಅವಳಿಗೆ ಹದಿನೆಂಟು ತುಂಬುವವರೆಗೂ ಇದೇ ನಡೆಯಿತು.

ನನ್ನ ಮೇಲ್ ಒಂದೊಂದು ಪುಟ. ಅವನದು ಪೂರ್ತಿ ಇಷ್ಟು: ‘ಜ್ವರ ಇಲ್ಲ. ಊಟ ಮಾಡಿದಳು. ಕೈಗವಸು ಒಂದೇ ಇದೆ.’

ವಾರ 48. ಬುಧವಾರ, 25 ನವೆಂಬರ್

ಸುನ್ನಿವಾ ಬಂದಿದ್ದಳು, ಬ್ರಾಗೆಯನ್ನು ಕರೆದುಕೊಂಡು. ಮೊಮ್ಮಗನಿಗೆ ಮೂರು. ಬಂದವನೇ ಮೇಜಿನ ಕೆಳಗೆ ಸೇರಿಕೊಂಡು ಬಸ್ಸಾದ.

ಆಗಸ್ಟಿನಲ್ಲಿ ಸುನ್ನಿವಾ, ಎಸ್ಕಿಲ್ ಬೇರೆಯಾದರು. ಅವರದೂ ಅದೇ ಪದ್ಧತಿ. ಸಮ ವಾರ ಇವಳದು, ಬೆಸ ವಾರ ಅವನದು. ಈ ದೇಶದ ಅರ್ಧ ಮಕ್ಕಳು ಹೀಗೇ ಬೆಳೆಯುತ್ತಾರೆ, ಇವನೂ ಬೆಳೆಯುತ್ತಾನೆ ಅಂದುಕೊಂಡಿದ್ದೆ.

ಕೋಟು ಕೂಡ ಬಿಚ್ಚದೆ ಶುರುಮಾಡಿದಳು. “ಅಮ್ಮ, ಈ ವರ್ಷ ಐವತ್ಮೂರು ವಾರ ಇದೆ, ಗೊತ್ತಾ?”

ನನಗೆ ಗೊತ್ತಿಲ್ಲದೆ ಇರುತ್ತದೆಯೇ. ಆಫೀಸಿನ ಗೋಡೆಯ ಮೇಲೆ ಬೇಸಿಗೆಯಿಂದಲೇ ಕೆಂಪು ಗುರುತು ಹಾಕಿಟ್ಟಿದ್ದೇನೆ. ಐದಾರು ವರ್ಷಕ್ಕೊಮ್ಮೆ ಬರುವ ಪೀಡೆ ಅದು. 52 ಸಮ. 53 ಬೆಸ. ಮಾರನೆಯ ವಾರ ಹೊಸ ವರ್ಷದ 1, ಅದೂ ಬೆಸ. ಎರಡು ಬೆಸ ಒಟ್ಟಿಗೆ ಬಂದು ಕೂರುತ್ತವೆ.

“ಎರಡು ವಾರಾನೂ ನಂದೇ ಅಂತಾನೆ! ಒಪ್ಪಂದದಲ್ಲಿ ಬೆಸ ಅಂತ ಇದೆ, ಐವತ್ಮೂರು ಬೆಸ, ಒಂದೂ ಬೆಸ, ನಾನೇನು ಮಾಡ್ಲಿ ಅಂತಾನೆ. ದೊಡ್ಡ ಲೆಕ್ಕದ ಮೇಷ್ಟ್ರು. ಮಗೂನ ಕರ್ಕೊಂಡು ಉತ್ತರದ ತುದಿಗೆ, ವಾರ್ಡೋಗೆ ಹೋಗ್ತಾನಂತೆ, ಅವರಪ್ಪ-ಅಮ್ಮನ ಮನೆಗೆ. ಅಲ್ಲಿ ಈ ಕಾಲದಲ್ಲಿ ಸೂರ್ಯಾನೇ ಹುಟ್ಟಲ್ಲ!”

“ನೀನೇನು ಹೇಳ್ದೆ?”

“ಐವತ್ಮೂರು ಯಾರ ವಾರಾನೂ ಅಲ್ಲ ಅಂದೆ. ಹಾಗಾದ್ರೆ ನಿಂದೂ ಅಲ್ಲ ಅಂದ.”

ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು. ಮೇಜಿನ ಕೆಳಗಿನ ಬಸ್ಸು ಹಾರ್ನ್ ಹೊಡೆಯುವುದನ್ನು ನಿಲ್ಲಿಸಿತ್ತು. ಮೂರು ವರ್ಷದವರಿಗೆ ಕಿವಿ ಇರುತ್ತದೆ ಅನ್ನುವುದನ್ನು ಅಪ್ಪ-ಅಮ್ಮಂದಿರು ಯಾವಾಗಲೂ ಮರೆಯುತ್ತಾರೆ.

“2015ರಲ್ಲೂ ಹೀಗೇ ಬಂದಿತ್ತು, ಆದ್ರೆ ಆಗ ನಾನು ಹ್ಯಾಂಡ್‌ಬಾಲ್ ಟೀಮ್ ಜೊತೆ ಸ್ವೀಡನ್‌ನಲ್ಲಿದ್ದೆ. 2009ರಲ್ಲಿ ಏನು ಮಾಡಿದ್ರಿ ನೀನೂ ಅಪ್ಪಾನೂ?”

“ನೆನಪಿಲ್ಲ ಕಣೆ.”

“ಮೇಲ್ ಇರುತ್ತಲ್ಲ. ನೀನು ಎಲ್ಲಾ ಇಟ್ಟಿರ್ತೀಯ. ಹುಡುಕಿ ಕೊಡು. ಹತ್ತನೇ ತಾರೀಕು ಕುಟುಂಬ ಸಲಹಾ ಕಚೇರೀಲಿ ಮೀಟಿಂಗ್ ಇದೆ. ನಮ್ಮಮ್ಮನಿಗೂ ಇದೇ ಬಂದಿತ್ತು, ಹೀಗೆ ಬಗೆಹರಿಸಿದ್ರು ಅಂತ ಅವನ ಮುಖಕ್ಕೆ ಹಿಡೀತೀನಿ.”

“ಅದರಲ್ಲಿ ಅಪ್ಪಾನೇ ಎರಡೂ ವಾರ ಇಟ್ಕೊಂಡ ಅಂತ ಇದ್ರೆ?”

ಬ್ರಾಗೆಯ ಟೋಪಿ ಎತ್ತಿಕೊಂಡಳು. “ಹಾಗಿದ್ರೆ ನಂಗೆ ಮಾತ್ರ ಹೇಳು.”

ಹೋಗುವಾಗ ಬಾಗಿಲಲ್ಲಿ ನಿಂತು ಅಂದಳು, “ಎರಡು ವಾರ, ಅಮ್ಮ. ಅವನು ಹುಟ್ಟಿದಾಗಿಂದ ಅಷ್ಟು ದಿನ ಬಿಟ್ಟಿಲ್ಲ ನಾನು.” ದನಿ ಒಡೆದಿತ್ತು. ಅವಳ ಸಿಟ್ಟಿಗೆ ನಾನು ಹೆದರುವುದಿಲ್ಲ, ಇದಕ್ಕೆ ಹೆದರುತ್ತೇನೆ.

ವಾರ 48. ಶನಿವಾರ, 28 ನವೆಂಬರ್

ಆತುರಗೆಟ್ಟೆ. 2011 ಇಳಿದ ಮೇಲೆ 2010, 2009 ಎರಡನ್ನೂ ಒಟ್ಟಿಗೆ ಹಿಡಿದು ಎಳೆದೆ. ಹಸಿರು ಪಟ್ಟಿ ಅರ್ಧಕ್ಕೆ ನಿಂತಿತು. ಫ್ಯಾನ್ ಮಾತ್ರ ಗೊರಗೊರ. ಕಾದೆ. ತಟ್ಟೆ ತೊಳೆದೆ. ಮತ್ತೆ ಕಾದೆ. ಕೊನೆಗೆ ಬಟನ್ ಒತ್ತಿ ಆರಿಸಿದೆ… ಮಾಡಬಾರದು ಅಂತ ಗೊತ್ತಿದ್ದೂ.

ಮತ್ತೆ ಹಚ್ಚಿದಾಗ ಎಲ್ಲ ಕೆಳಗೆ ಬಂದಿರುವ ಹಾಗೆ ಕಂಡಿತು. ಸಮಾಧಾನವಾಯಿತು. ಆಮೇಲೆ ವಾರದ ಪ್ರಕಾರ ನೋಡುತ್ತಾ ಬಂದೆ.

27 ಡಿಸೆಂಬರ್ 2009, ನನ್ನದು, ವಾರ 52: ‘…ಹೊಟ್ಟೆಯ ಮೇಲೆ ಮೂರು ಕೆಂಪು ಗುಳ್ಳೆ. ಹೊಸ ಉಣ್ಣೆ ಬನಿಯನ್ನಿನದೋ ಏನೋ. ನಾಳೆ ಕರೆದುಕೊಂಡು ಹೋಗಲು ಬಂದಾಗ ನೋಡು…’ ಇನ್ನೂ ಮುಕ್ಕಾಲು ಪುಟ ಇದೆ.

ಅದರ ಮುಂದಿನದು 10 ಜನವರಿ 2010, ಅವನದು, ವಾರ 1: ‘ನಿನ್ನ ಸೋಫಾದ ಸ್ಪ್ರಿಂಗ್ ಹೋಗಿದೆ. ನನ್ನಿಂದಲೇ. ಶನಿವಾರ ಬಂದು ಸರಿಮಾಡುತ್ತೇನೆ. ಜ್ವರ ಇಲ್ಲ. ಊಟ ಮಾಡಿದಳು.’

ನಡುವೆ 3 ಜನವರಿಯ ಭಾನುವಾರ ಅವನು ಬರೆದ ಮೇಲ್ ಇರಬೇಕು. ವಾರ 53. ಇಲ್ಲ. ಸರ್ವರಿನಲ್ಲೂ ಇಲ್ಲ, ಕಸದ ಫೋಲ್ಡರಿನಲ್ಲೂ ಇಲ್ಲ. 53 ಅಂತ ಹುಡುಕಿದರೆ ಬಸ್ ದೂರುಗಳು, ಯಾವುದೋ ಪಾರ್ಸೆಲ್ ನಂಬರು.

ಅಷ್ಟು ವರ್ಷದ ಮೇಲ್‌ನಲ್ಲಿ ಬೇಕಾಗಿದ್ದುದು ಒಂದೇ. ಅದನ್ನೇ ಹಾಳುಮಾಡಿಕೊಂಡೆ.

ಸೋಫಾ ವಿಷಯವೂ ಅರ್ಥವಾಗಲಿಲ್ಲ. ಆ ಕಾಲದಲ್ಲಿ ಓಡ್ವಾರ್ ನನ್ನ ಮನೆಯ ಕಾಲೊರಸು ದಾಟಿದವನಲ್ಲ.

ವಾರ 48. ಭಾನುವಾರ, 29 ನವೆಂಬರ್

ಫೋನ್ ಮಾಡಿ ಹೇಳಿದೆ. ಹೇಳದೆ ಇರಬಹುದಿತ್ತು.

“ಹೋಯ್ತು ಅಂದ್ರೆ? ಎಲ್ಲಾ ಇದೆ, ಅದೊಂದೇ ಹೋಯ್ತಾ?”

“ಮಧ್ಯದಲ್ಲಿ ಕಂಪ್ಯೂಟರ್ ನಿಂತುಹೋಯ್ತು, ಆರಿಸಿಬಿಟ್ಟೆ.”

“ನೀನು. ಆರಿಸಿಬಿಟ್ಟೆ. ಡಿಶ್‌ವಾಶರ್ ಮಧ್ಯದಲ್ಲಿ ತೆಗೆದ್ರೆ ನಂಗೆ ಅರ್ಧ ಗಂಟೆ ಪಾಠ ಮಾಡೋಳು ನೀನು!”

“ತಪ್ಪಾಯ್ತು ಕಣೆ.”

“ಅಮ್ಮ, ನಿಜ ಹೇಳು. ಅದರಲ್ಲಿ ಏನಿತ್ತೋ ಓದಿ, ನಂಗೆ ತೋರಿಸೋದು ಬೇಡ ಅಂದ್ಕೊಂಡ್ಯಾ? ಹೋದ ಚಳಿಗಾಲ ಎಸ್ಕಿಲ್ ನಿನ್ನ ಮೆಟ್ಟಿಲ ಹಿಮ ಎತ್ತಿದ, ಬಚ್ಚಲಮನೆ ಫ್ಯಾನ್ ಹಾಕಿಕೊಟ್ಟ… ನಿಂಗೆ ಅವನ ಮೇಲೇ ಪ್ರೀತಿ.”

ಎಸ್ಕಿಲ್ ಮೇಲೆ ಪ್ರೀತಿ ಇರುವುದು ನಿಜ. ಅದನ್ನು ಆ ಹೊತ್ತಿನಲ್ಲಿ ಹೇಳುವುದು ಹೇಗೆ. ಇಲ್ಲ ಅಂದರೆ ಸುಳ್ಳಾಗುತ್ತದೆ. ಮತ್ತೆ ಹುಡುಕುತ್ತೇನೆ ಅಂದೆ, ಅದು ಇನ್ನೂ ಕೆಟ್ಟದಾಯಿತು. ಅವಳು ಇಟ್ಟುಬಿಟ್ಟಳು.

ವಾರ 49. ಗುರುವಾರ, 3 ಡಿಸೆಂಬರ್

ಸುನ್ನಿವಾ ಫೋನ್ ಇಲ್ಲ. ನಾನು ಮಾಡಿದರೆ ಎತ್ತುವುದಿಲ್ಲ. ಇದು ಬೆಸ ವಾರ, ಮಗುವೂ ಅವಳ ಹತ್ತಿರ ಇಲ್ಲ. ಒಬ್ಬಳೇ ಏನು ಮಾಡುತ್ತಿರುತ್ತಾಳೆ ಅಂತ ನನಗೆ ಚೆನ್ನಾಗಿ ಗೊತ್ತು. ಮಗುವಿನ ಬಟ್ಟೆ ಒಗೆದು, ಮಡಿಸಿ, ಮತ್ತೆ ಮಡಿಸುತ್ತಿರುತ್ತಾಳೆ.

ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಅನ್ನುತ್ತಾರೆ. ಅಜ್ಜಿ ಏನಾದಳು ಅಂತ ಗಾದೆಯಲ್ಲಿಲ್ಲ.

ಓಡ್ವಾರ್‌ಗೆ ಬರೆದೆ. ಆರು ವರ್ಷದ ಮೇಲೆ. ಬ್ರಾಗೆಯ ಹುಟ್ಟುಹಬ್ಬಗಳಲ್ಲಿ ಕಂಡಿದ್ದೇವೆ, ಕೇಕ್ ಚೆನ್ನಾಗಿದೆ ಅಂದುಕೊಂಡಿದ್ದೇವೆ, ಅಷ್ಟೇ. ಮೊದಲು ಒಂದು ಪುಟ ಬರೆದೆ. ಅಳಿಸಿದೆ. ಅರ್ಧ ಪುಟ ಬರೆದೆ. ಅದೂ ಬೇಡ ಅನ್ನಿಸಿತು. ಕೊನೆಗೆ ಅವನ ದಾರಿಯಲ್ಲೇ ಹೋದೆ: ‘2009ರ ವಾರ 53. ನೀನು ಬರೆದ ಮೇಲ್ ನಿನ್ನ ಹತ್ತಿರ ಇದೆಯಾ? ನನ್ನದು ಹಾಳಾಯಿತು. ಸುನ್ನಿವಾಗೆ ಬೇಕು.’

ಉತ್ತರ ಬಂತು: ‘ಹಳೇ ಕಂಪ್ಯೂಟರ್ ಡಬ್ಬ ದೋಣಿ ಶೆಡ್ಡಿನಲ್ಲಿದೆ. ಹತ್ತುತ್ತದೋ ನೋಡಬೇಕು. ಶನಿವಾರ ತರುತ್ತೇನೆ.’

ವಾರ 49. ಶನಿವಾರ, 5 ಡಿಸೆಂಬರ್

ಬಂದ. ಕಂಪ್ಯೂಟರನ್ನು ಮಳೆಕೋಟಿನಲ್ಲಿ ಸುತ್ತಿ ಮಗುವನ್ನು ಎತ್ತಿಕೊಂಡ ಹಾಗೆ ಎತ್ತಿಕೊಂಡು, ದೋಣಿಯಲ್ಲಿ. ಕೂದಲು ಪೂರ್ತಿ ಬೆಳ್ಳಗಾಗಿದೆ. ದೋಣಿ ಎಂಜಿನ್ ರಿಪೇರಿ ಮಾಡುವ ಕೈ, ಎಣ್ಣೆಯ ಕಪ್ಪು ಉಗುರಿನಲ್ಲಿ ಹಾಗೇ ಇದೆ. ಬೂಟು ಬಿಚ್ಚಿ ಕಾಲೊರಸಿನ ಮೇಲೆ ನಿಂತುಕೊಂಡ.

“ಒಳಗೆ ಬಾ ಮಾರಾಯ. ಮಗೂನ ಒಪ್ಪಿಸಿ ಹೋಗೋಕೆ ಬಂದವನ ಹಾಗೆ ನಿಂತಿದ್ದೀಯಲ್ಲ.”

“ಅಭ್ಯಾಸ,” ಅಂದ.

ಕಾಫಿ, ಬೆಣ್ಣೆ-ಸಕ್ಕರೆ ಸವರಿದ ಲೆಫ್ಸೆ ರೊಟ್ಟಿ. ಮೂರು ತಿಂದ. ನನ್ನ ಮಾನಿಟರಿಗೆ ಅವನ ಡಬ್ಬ ಸಿಕ್ಕಿಸಿದೆವು. ಹತ್ತಿತು! ಒಳಗೆ ನೋಡಿ ತಲೆ ಚಿಟ್ಟು ಹಿಡಿಯಿತು. ಇಪ್ಪತ್ತು ವರ್ಷದ್ದೆಲ್ಲ ಒಂದೇ ಇನ್‌ಬಾಕ್ಸಿನಲ್ಲಿ. ಒಂದು ಫೋಲ್ಡರಿಲ್ಲ. ವಯಾಗ್ರಾ ಜಾಹೀರಾತಿನ ಪಕ್ಕದಲ್ಲಿ ಸುನ್ನಿವಾಳ ಶಾಲೆಯ ವರದಿ.

“ಇದರಲ್ಲಿ ಏನಾದ್ರೂ ಹೇಗೆ ಹುಡುಕ್ತೀಯ?”

“ಹುಡುಕಲ್ಲ. ಅಲ್ಲೇ ಇರುತ್ತೆ.”

ಹೆಬ್ಬೆರಳಿನಷ್ಟು ದಪ್ಪದ ಕನ್ನಡಕ ಹಾಕಿಕೊಂಡು ಕೆಳಗೆ ಕೆಳಗೆ ಹೋದ. ಕಳಿಸಿದ ಮೇಲ್‌ಗಳ ಪಟ್ಟಿಯನ್ನೂ ತೆರೆದ. 20 ಡಿಸೆಂಬರ್, ವಾರ 51, ಅವನದು. 27 ಡಿಸೆಂಬರ್, ವಾರ 52, ನನ್ನದು, ಗುಳ್ಳೆಯ ವಿಷಯ. ಆಮೇಲೆ 10 ಜನವರಿ, ಸೋಫಾ.

ನಡುವೆ ಏನೂ ಇಲ್ಲ.

“ನಿಂದೂ ಹೋಯ್ತಲ್ಲೋ!” ಅಂದೆ. ನಿಜವಾಗಿಯೂ ಕಣ್ಣಲ್ಲಿ ನೀರು ಬಂತು. ಗುರುವಾರ ಮೀಟಿಂಗು, ಮಗಳು ಫೋನ್ ಎತ್ತುತ್ತಿಲ್ಲ, ಇವನ ಹಾಳು ಡಬ್ಬವೂ ಕೈಕೊಟ್ಟಿತು.

“ಹೋಗಿಲ್ಲ,” ಅಂದ. “ಬರ್ದೇ ಇರ್ಲಿಲ್ಲ.”

“ಪ್ರತಿ ವಾರ ಬರೀತಿದ್ದೆ, ಜ್ವರ ಇದ್ರೂ ಇಲ್ದಿದ್ರೂ. ಆ ವಾರ ಮಾತ್ರ ಯಾಕೆ ಬರೀಲಿಲ್ಲ?”

ಕನ್ನಡಕ ತೆಗೆದು ನನ್ನನ್ನು ನೋಡಿದ, ಇವಳಿಗೇನಾಯಿತು ಅನ್ನುವ ಹಾಗೆ. “ಯಾರಿಗೆ ಬರೀಲಿ, ತುರುನ್? ನೀನು ಅಡುಗೆಮನೇಲಿದ್ದೆ. ನಾನು ಸೋಫಾ ಮೇಲಿದ್ದೆ.”

ಆಮೇಲೆ ಬಂತು ನೆನಪು. ಎಲ್ಲ ಒಟ್ಟಿಗೆ. ಸಿಡುಬಲ್ಲ, ನೀರುಗುಳ್ಳೆ… ಚಿಕನ್ ಪಾಕ್ಸ್. ಅದು ನನ್ನ ತಲೆಯಲ್ಲಿ ಯಾವುದೋ ಫೆಬ್ರವರಿಗೆ ಸೇರಿಕೊಂಡುಬಿಟ್ಟಿತ್ತು. ಸೋಮವಾರ ಕರೆದುಕೊಂಡು ಹೋಗಲು ಬಂದವನು ಮಗುವಿನ ಹೊಟ್ಟೆ ನೋಡಿದ. ಮೂರು ಇದ್ದದ್ದು ಮೂವತ್ತಾಗಿತ್ತು. ಆ ಚಳಿಯಲ್ಲಿ ದೋಣಿ ಹತ್ತಿಸುವ ಹಾಗಿಲ್ಲ ಅಂದಳು ನರ್ಸ್. ನಿನ್ನ ವಾರ, ಆದರೆ ಮಗು ಇಲ್ಲಿ, ಅಂದೆ. ಹಾಗಾದರೆ ನಾನೂ ಇಲ್ಲಿ, ಅಂದ. ಅಷ್ಟೇ ಮಾತು. ವಕೀಲರಿಲ್ಲ, ಕಚೇರಿಯಿಲ್ಲ.

ಏಳು ರಾತ್ರಿ ಆ ಸೋಫಾದ ಮೇಲೆ ಮಲಗಿದ. ಸುನ್ನಿವಾಗೆ ಬಿಳಿ ಔಷಧ ಚುಕ್ಕೆ ಚುಕ್ಕೆ ಹಚ್ಚುತ್ತಿದ್ದೆವು, ನಾನು ಬೆನ್ನಿಗೆ, ಅವನು ಕಾಲಿಗೆ. ಅಪ್ಪನಿಗೂ ಇರಬೇಕು ಅಂತ ಅವಳು ಕೆಂಪು ಪೆನ್ನಿನಿಂದ ಅವನ ಬೋಳುತಲೆಗೆಲ್ಲ ಗುಳ್ಳೆ ಬರೆದಳು. ಹಾಗೇ ಅಂಗಡಿಗೆ ಹೋಗಿ ಹಾಲು ತಂದ. ಹೊಸ ವರ್ಷದ ಪಟಾಕಿಯನ್ನು ಈ ಕಿಟಕಿಯಿಂದಲೇ ನೋಡಿದೆವು, ಅವಳನ್ನು ಮೇಜಿನ ಮೇಲೆ ನಿಲ್ಲಿಸಿಕೊಂಡು. ಹಗಲೆಲ್ಲ ಒಂದು ದೊಡ್ಡ ಹಡಗಿನ ಚಿತ್ರದ ಚೂರುಗಳನ್ನು ಜೋಡಿಸುತ್ತಾ ಜಗಳ ಆಡಿದೆವು. ಮದುವೆಯಾಗಿದ್ದಾಗ ಆಡುತ್ತಿದ್ದ ಜಗಳ ಅಲ್ಲ, ಬೇರೆ, ನಗು ಬರುವಂಥದ್ದು.

ಆ ವಾರ ಸುಖವಾಗಿದ್ದೆವು. ಬರೆದುಬಿಡುತ್ತೇನೆ, ಇದನ್ನು ಯಾರು ಓದುತ್ತಾರೆ. ಮತ್ತೆ ಕೂಡಿಕೊಳ್ಳುವ ಮಾತನ್ನು ಇಬ್ಬರೂ ಎತ್ತಲಿಲ್ಲ. ಎತ್ತಬೇಕಾಗಿಯೂ ಇರಲಿಲ್ಲ. ಭಾನುವಾರ ಮಗು ಹುಷಾರಾಯಿತು. ಸೋಮವಾರ ಇಬ್ಬರೂ ದೋಣಿ ಹತ್ತಿದರು, ಅವನ ಎರಡನೆಯ ವಾರಕ್ಕೆ. ನಾನು ಒಂದು ಮಾತೂ ಆಡದೆ ಬಿಟ್ಟುಕೊಟ್ಟೆ.

“ಬೋಳುತಲೆ ಎಲ್ಲಿತ್ತು?” ಅಂದ ಓಡ್ವಾರ್ ನಾನು ಇದನ್ನೆಲ್ಲ ಹೇಳಿದಾಗ. “ಕೂದ್ಲಿತ್ತು. ನೀನೇ ಬೋಳಿಸಿದ್ದು, ಗುಳ್ಳೆ ಬರೆಯೋಕೆ ಜಾಗ ಬೇಕು ಅಂತ.”

“ನಾನ್ಯಾಕೆ ಇದನ್ನ ಮರ್ತೆ?”

“ನೀನು ಬರೆದಿಟ್ಟದ್ದು ಮಾತ್ರ ನೆನಪಿಟ್ಕೊಳ್ಳೋಳು. ಬರೀದಿದ್ರೆ ನಿನ್ನ ಪಾಲಿಗೆ ಅದು ಆಗೇ ಇಲ್ಲ.”

ಉರಿದುಹೋಯಿತು. ಅವನು ಹೋದ ಮೇಲೆ 2009-10ರ ದಿನಚರಿ ಹುಡುಕಿ ತೆಗೆದೆ. 27 ಡಿಸೆಂಬರ್: ‘ಗುಳ್ಳೆ. ಬನಿಯನ್?’ ಆಮೇಲೆ ಖಾಲಿ ಹಾಳೆಗಳು. 4 ಜನವರಿ: ‘ಹಾಲು, ಬ್ರೆಡ್ಡು. ಬಸ್ 7 ತಡ.’

ವಾರ 50. ಮಂಗಳವಾರ, 8 ಡಿಸೆಂಬರ್

ಫೋನ್ ಎತ್ತದಿದ್ದರೆ ಹೋಗಲಿ ಅಂತ ನಾನೇ ಸುನ್ನಿವಾಳ ಮನೆಗೆ ಹೋದೆ. ಬ್ರಾಗೆ ಬಾಗಿಲು ತೆಗೆದ. ಅವನ ಹಿಂದೆ ಅವಳು, ಕೈಕಟ್ಟಿಕೊಂಡು.

“ಸಿಕ್ತಾ?”

“ಸಿಕ್ಲಿಲ್ಲ. ಬರೆದೇ ಇರ್ಲಿಲ್ಲ.” ಹೇಳಿದೆ. ಸೋಫಾ, ಬಿಳಿ ಔಷಧ, ಕೆಂಪು ಪೆನ್ನು.

“ಹಾಗಾದ್ರೆ ಗುರುವಾರ ಏನು ತೋರಿಸ್ಲಿ ನಾನು? ಖಾಲಿ ಹಾಳೆನಾ?” ಅಂತ ಶುರುಮಾಡಿದವಳು ನಡುವೆ ನಿಂತಳು. ಬಂದು ನನ್ನ ಎದುರಿಗೆ ಕುಳಿತಳು.

“ಅಪ್ಪನ ತಲೆ ಮೇಲೆ ಗುಳ್ಳೆ ಬರೆದದ್ದು ನಂಗೆ ನೆನಪಿದೆ,” ಅಂದಳು. “ಹಡಗಿನ ಚಿತ್ರಾನೂ. ಆದ್ರೆ ಅದು ಆಮೇಲಿನದಾ? ನಾನು ಅದನ್ನ ನೀವಿಬ್ರೂ ಬೇರೆ ಆಗೋಕೆ ಮುಂಚಿನದು ಅಂದ್ಕೊಂಡಿದ್ದೆ. ಯಾವಾಗ್ಲೂ. ಇಬ್ರೂ ಒಂದೇ ಮನೇಲಿದ್ರಲ್ಲ.”

“ಬೇರೆ ಆಗಿ ಮೂರು ವರ್ಷ ಆಗಿತ್ತು. ನಿಂಗೆ ಏಳು.”

“ಮುಂಚೆ ಚೆನ್ನಾಗಿತ್ತು ಅಂತ ಯಾರಾದ್ರೂ ಅಂದ್ರೆ ನಂಗೆ ಅದೇ ನೆನಪಾಗೋದು. ಅದೇ ಮುಂಚೆ ಅಂದ್ಕೊಂಡಿದ್ದೆ.”

ಬ್ರಾಗೆ ನನ್ನ ಕಾಲುಚೀಲದ ಮೇಲೆ ಬಸ್ಸು ಓಡಿಸುತ್ತಿದ್ದ. ಹೊರಡುವಾಗ ಸುನ್ನಿವಾ ಆ ಎರಡು ಮೇಲ್ ಪ್ರಿಂಟ್ ಮಾಡಿ ಕೊಡು ಅಂದಳು, ಗುಳ್ಳೆಯದೂ ಸೋಫಾದ್ದೂ.

“ಅದರಲ್ಲಿ ಏನಿದೆ ತೋರಿಸೋಕೆ?” ಅಂದೆ.

“ಗೊತ್ತಿಲ್ಲ, ಅಮ್ಮ. ಕೊಡು.”

ವಾರ 50. ಗುರುವಾರ, 10 ಡಿಸೆಂಬರ್

ಇಡೀ ದಿನ ಆಫೀಸಿನಲ್ಲಿ ಕೈ ಕೆಲಸ ಮಾಡಿತು, ತಲೆ ಮಾಡಲಿಲ್ಲ. ಬಸ್ 4ನ್ನು ಭಾನುವಾರವೂ ಶಾಲೆಗೆ ಕಳಿಸಿಬಿಟ್ಟಿದ್ದೆ, ಪಕ್ಕದ ಮೇಜಿನವಳು ಹಿಡಿದಳು.

ಸಂಜೆ ಸುನ್ನಿವಾ ಮೆಸೇಜು: ‘ಬೈದುಕೊಂಡೆವು. ಆಮೇಲೆ ಅವನು ಮೇಲ್ ಓದಿದ. ಮಡಿಸಿ ಜೇಬಿನಲ್ಲಿಟ್ಟುಕೊಂಡ. ಏನೂ ತೀರ್ಮಾನ ಆಗಿಲ್ಲ.’

ಅಡ್ಡಗೋಡೆಯ ಮೇಲೆ ದೀಪ. ನಾನೂ ಕೇಳಲು ಹೋಗಲಿಲ್ಲ.

ವಾರ 51. ಶನಿವಾರ, 19 ಡಿಸೆಂಬರ್

2008, 2007, 2006 ಇಳಿದವು. ಒಂದೊಂದು ವರ್ಷವೇ, ಆತುರವಿಲ್ಲದೆ. ಎಲ್ಲದರ ಇನ್ನೊಂದು ಪ್ರತಿ ಹೊರಗಿನ ಡಿಸ್ಕಿಗೆ ಹಾಕಿದೆ. ಡಿಸ್ಕನ್ನು ಕಾಲುಚೀಲದಲ್ಲಿಟ್ಟು ಬೀರುವಿನಲ್ಲಿಟ್ಟೆ. ಕೆಲಸ ಮುಗಿಯಿತು.

ಎಸ್ಕಿಲ್ ಬಂದಿದ್ದ, ಬ್ರಾಗೆಯನ್ನು ಹೆಗಲ ಮೇಲೆ ಕೂರಿಸಿಕೊಂಡು, ಇನ್ನೊಂದು ಕೈಯಲ್ಲಿ ನನ್ನ ಕ್ರಿಸ್ಮಸ್ ಮರ. ಪ್ರತಿ ವರ್ಷ ತರುತ್ತಾನೆ. ಈ ವರ್ಷ ತರುವುದಿಲ್ಲ ಅಂದುಕೊಂಡಿದ್ದೆ. ಮರವನ್ನು ಮೂಲೆಯಲ್ಲಿ ನಿಲ್ಲಿಸಿ, ಬುಡದ ಸ್ಕ್ರೂ ಬಿಗಿ ಮಾಡುತ್ತಾ, ನೆಲ ನೋಡಿಕೊಂಡೇ ಕೇಳಿದ:

“ತುರುನ್, ನಿಮ್ಮ ಈ ಸೋಫಾ ಎಷ್ಟುದ್ದ ಇದೆ?”

“ಓಡ್ವಾರ್ ಮಲಗಿದ್ದ, ಅಷ್ಟುದ್ದ ಇದೆ.”

“ಸ್ಪ್ರಿಂಗು?”

“ಸರಿಮಾಡಿಕೊಟ್ಟಿದ್ದಾನೆ.”

ನಕ್ಕ. ಆಮೇಲೆ ನಗು ಹೋಯಿತು. “ಇಪ್ಪತ್ತೆಂಟಕ್ಕೆ ಟಿಕೆಟ್ ಮಾಡ್ಸಿದೀನಿ. ಹನ್ನೊಂದು ಗಂಟೆ ಫ್ಲೈಟು. ಅಪ್ಪ-ಅಮ್ಮ ಮಗೂನ ನೋಡಿ ಆರು ತಿಂಗಳಾಯ್ತು. ಅಮ್ಮ ಅವನಿಗೆ ಅಂತ ಸ್ವೆಟರ್ ಹೆಣೆದು, ಅಳತೆ ಗೊತ್ತಿಲ್ಲ ಅಂತ ಎರಡು ಹೆಣೆದಿದಾರೆ. ಅವರಿಗೇನು ಹೇಳ್ಲಿ?”

ಅವನ ಮಾತಿನಲ್ಲೂ ನ್ಯಾಯ ಇದೆ. ಮಗಳ ಕಣ್ಣೀರು ನೋಡಿದಾಗ ಅದು ಕಾಣುವುದಿಲ್ಲ, ಅಷ್ಟೇ.

“ವಾರ 53 ಎಲ್ಲ ಇಲ್ಲೇ ಇದ್ದು, ವಾರ 1ಕ್ಕೆ ಹೋಗ್ಬಹುದಲ್ಲ,” ಅಂದೆ. ಅನ್ನಬಾರದಿತ್ತೋ ಏನೋ. “ಆಗ ವಾರ 1ಕ್ಕೆ ಸುನ್ನಿವಾನ ನಾನೇ ಅವಳಪ್ಪನ ಜೊತೆ ದೋಣಿ ಹತ್ತಿಸ್ದೆ. ಒಂದು ಮಾತಾಡ್ಲಿಲ್ಲ. ಒಂದು ವಾರ ಜೊತೆಗಿದ್ದೆನಲ್ಲ, ಬಿಡೋದು ಕಷ್ಟ ಆಗ್ಲಿಲ್ಲ.”

“ನಾವಿಬ್ರೂ ಒಂದೇ ಮನೇಲಿದ್ರೆ ಎರಡು ದಿನಕ್ಕೆ ಪಾತ್ರೆ ಹಾರುತ್ತೆ.”

“ನನ್ನ ಪಾತ್ರೆ ಎಲ್ಲಾ ಹಳೇದು.”

ಸ್ಕ್ರೂ ಇನ್ನೊಂದು ಸುತ್ತು ತಿರುಗಿಸಿದ. ಮರ ಇನ್ನೂ ಸೊಟ್ಟಗಿದೆ.

ವಾರ 52. ಗುರುವಾರ, 24 ಡಿಸೆಂಬರ್

ಸುನ್ನಿವಾ, ಬ್ರಾಗೆ ಇಲ್ಲಿ. ಕುರಿ ಪಕ್ಕೆಲುಬು ಬೆಳಗಿನಿಂದ ಹಬೆಯಲ್ಲಿ. ಬ್ರಾಗೆ ಮೊದಲ ಪೊಟ್ಟಣ ಬಿಚ್ಚಿ, ಒಳಗಿದ್ದ ಬಸ್ಸನ್ನು ಬಿಟ್ಟು ಕಾಗದದ ಜೊತೆ ಆಡಿದ.

ಇಪ್ಪತ್ತೆಂಟರ ಮಾತು ಅವಳು ಎತ್ತಲಿಲ್ಲ. ನಾನೂ ಎತ್ತಲಿಲ್ಲ. ಆದರೆ ಅವನ ಪುಟ್ಟ ಸೂಟ್‌ಕೇಸನ್ನು ತಂದು ಬಾಗಿಲ ಹತ್ತಿರ ಇಟ್ಟಿದ್ದಾಳೆ, ಉತ್ತರದ ಚಳಿಗೆ ಹಾಕುವ ದಪ್ಪ ಉಣ್ಣೆಬಟ್ಟೆ ತುಂಬಿ. ದಿನವಿಡೀ ಅದನ್ನು ಬಳಸಿಕೊಂಡು ಓಡಾಡಿದೆ.

ಓಡ್ವಾರ್ ಮೆಸೇಜು: ‘ಶುಭ ಕ್ರಿಸ್ಮಸ್. ಜ್ವರ ಇಲ್ಲ. ಊಟ ಮಾಡಿದೆ.’

ವಾರ 52. ಭಾನುವಾರ, 27 ಡಿಸೆಂಬರ್. ಸಂಜೆ

ಮಧ್ಯಾಹ್ನ ಹೋದರು. ಸೂಟ್‌ಕೇಸ್ ಸಮೇತ. ಸುನ್ನಿವಾ ನನ್ನನ್ನು ತಬ್ಬಿಕೊಂಡು ಎಂದಿಗಿಂತ ಒಂದು ಗಳಿಗೆ ಹೆಚ್ಚು ಹೊತ್ತು ನಿಂತಳು. “ನಾಳೆ ನೋಡೋಣ” ಅಂದಳು. ನೋಡೋಣ ಅನ್ನುವುದಕ್ಕೆ ಏನು ಬೇಕಾದರೂ ಅರ್ಥ ಇರಬಹುದು.

ಆರು ಗಂಟೆಗೆ ಕಂಪ್ಯೂಟರ್ ಟಿಣ್ ಅಂದಿತು. ಮುಚ್ಚಿಹೋಗಲಿರುವ ವಿಳಾಸಕ್ಕೆ ಹೊಸ ಮೇಲ್. ಓಡ್ವಾರ್. ವಿಷಯ: ವಾರ 52.

‘ಸೋಫಾ ಚಿಕ್ಕದು. ನನ್ನ ಹತ್ತಿರ ಒಂದು ಹಾಸಿಗೆ ಹೆಚ್ಚಿಗೆ ಇದೆ. ನಾಳೆ ಬೆಳಿಗ್ಗೆ ದೋಣಿಯ ಹತ್ತಿರ ತಂದಿಟ್ಟಿರುತ್ತೇನೆ. ಎಸ್ಕಿಲ್‌ಗೆ ಬೇಕಾದರೆ ತೆಗೆದುಕೊಳ್ಳಲಿ. ಬೇಡದಿದ್ದರೆ ವಾಪಸ್ ಒಯ್ಯುತ್ತೇನೆ.’

ಇವನಿಗೆ ಯಾರು ಏನು ಹೇಳಿದರೋ. ಕೇಳಿದರೆ ಇನ್ನೊಂದು ಸಾಲು ಬರೆಯಬೇಕಾಗುತ್ತದೆ, ಪಾಪ. ಕೇಳಲಿಲ್ಲ. ಮೇಲ್ ಎಳೆದು ಕೆಳಗಿನ ಫೋಲ್ಡರಿಗೆ ಬಿಟ್ಟೆ.

ವಾರ 53. ಸೋಮವಾರ, 28 ಡಿಸೆಂಬರ್. ಬೆಳಿಗ್ಗೆ

ರಜೆ. ಅಡುಗೆಮನೆಯ ಕಿಟಕಿಯ ಹತ್ತಿರ ಕುಳಿತು ಇದನ್ನು ಬರೆಯುತ್ತಿದ್ದೇನೆ. ಒದ್ದೆ ಹಿಮ ಬೀಳುತ್ತಿದೆ. ಒಣಮೀನು ನಿನ್ನೆಯೇ ನೆನೆಹಾಕಿದ್ದೆ, ಐದು ಜನಕ್ಕಾಗುವಷ್ಟು. ಯಾರೂ ಬರದಿದ್ದರೆ ವಾರವಿಡೀ ಒಬ್ಬಳೇ ತಿನ್ನಬೇಕು. ತಿನ್ನುತ್ತೇನೆ.

ವಿಮಾನಕ್ಕೆ ಹೋಗುವವರಾದರೆ ಈ ಹೊತ್ತಿಗೆ ಟರ್ಮಿನಲ್ಲಿನಲ್ಲಿರಬೇಕು. ಇನ್ನು ಹತ್ತು ನಿಮಿಷಕ್ಕೆ ಗೇಟು ಮುಚ್ಚುತ್ತಾರೆ. ಫೋನ್ ನೋಡಿದೆ. ಏನೂ ಇಲ್ಲ.

ದೋಣಿ ಬಂತು. ಹಿಮದಲ್ಲಿ ಸರಿಯಾಗಿ ಕಾಣುವುದಿಲ್ಲ. ಯಾರೋ ಇಳಿದರು. ಸಣ್ಣದೊಂದು ಕೆಂಪು ಟೋಪಿ ಇದೆ… ಈ ಊರಿನಲ್ಲಿ ಕೆಂಪು ಟೋಪಿ ಇಲ್ಲದ ಮಗು ಯಾವುದಿದೆ. ಗುಡ್ಡದ ತಿರುವಿನಲ್ಲಿ ಮರೆಯಾದರು.

ಒಂದು ಕಾಫಿ ಹಾಕಿಕೊಂಡೆ. ಕುಡಿಯಲಿಲ್ಲ.

ಮೆಟ್ಟಿಲ ಮೇಲೆ ಬೂಟಿನ ಹಿಮ ಒದರುವ ಸದ್ದು. ಒಬ್ಬರದಲ್ಲ. “ಎಡಕ್ಕೆ ಎತ್ತೋ, ಎಡಕ್ಕೆ! ಗೋಡೆಗೆ ತಾಗುತ್ತೆ!” ಅಂತ ಸುನ್ನಿವಾ ಕಿರುಚುತ್ತಿದ್ದಾಳೆ. “ನಿನ್ನ ಎಡಾನೋ ನನ್ನ ಎಡಾನೋ?” ಅದು ಎಸ್ಕಿಲ್. “ಇಬ್ರೂ ಬಿಡಿ, ನಾನು ಹಿಡ್ಕೊತೀನಿ,” ಅದು ಓಡ್ವಾರ್, ಹಾಸಿಗೆಯ ಹಿಂದಿನಿಂದ. ಅಜ್ಜೀ ಅಂತ ಯಾರೋ ಪುಟ್ಟ ಮುಷ್ಟಿಯಲ್ಲಿ ಬಾಗಿಲು ಗುದ್ದುತ್ತಿದ್ದಾರೆ. ಬಾಗಿಲು ತೆಗೆದು ಬಂದು ಮುಂದಿನದು ಬರೆ…